ಕಡತದಲ್ಲಿ ಸಿಕ್ಕಿಬಿದ್ದ ಮೆಟ್ರೋ: ಮೇಷ್ಟರಾಗಿದ್ದ ಎಂಜಿನಿಯರ್ ಹುಡುಕಿದ ದಾರಿ

ಕೋಲ್ಕತ್ತಾದ ಮೊದಲ ಮೆಟ್ರೋಗೆ ಶಂಕುಸ್ಥಾಪನೆ ಆಗಿದ್ದು 1972ರ ಡಿಸೆಂಬರ್‌ನಲ್ಲಿ. ಮೊದಲ ರೈಲು ಓಡಿದ್ದು 1984ರ ಅಕ್ಟೋಬರ್‌ನಲ್ಲಿ, ಅದೂ 3.4 ಕಿ.ಮೀ. ಮಾತ್ರ. ದೆಹಲಿಯಲ್ಲಿ 1998ರಲ್ಲಿ ಕೆಲಸ ಶುರುವಾಗಿ 2002ರ ಡಿಸೆಂಬರ್‌ನಲ್ಲೇ 8.4 ಕಿ.ಮೀ. ಓಡಾಟಕ್ಕೆ ಸಿದ್ಧವಾಗಿತ್ತು. ಎರಡೂ ಕಡೆ ದುಡಿದ ಎಂಜಿನಿಯರ್ ಇ. ಶ್ರೀಧರನ್. ನಡುವೆ ಏನು ಬದಲಾಯಿತು?

1932ರಲ್ಲಿ ಪಾಲಕ್ಕಾಡ್ ಜಿಲ್ಲೆಯಲ್ಲಿ ಹುಟ್ಟಿದ ಅವರು ಕಾಕಿನಾಡದಲ್ಲಿ ಸಿವಿಲ್ ಎಂಜಿನಿಯರಿಂಗ್ ಓದಿದರು. ಮೊದಲು ಹಿಡಿದದ್ದು ಮೇಷ್ಟರ ಕೆಲಸ. ಕೋಯಿಕ್ಕೋಡ್‌ನ ಸರ್ಕಾರಿ ಪಾಲಿಟೆಕ್ನಿಕ್‌ನಲ್ಲಿ ಸ್ವಲ್ಪ ಕಾಲ ಪಾಠ ಮಾಡಿ, 1954ರಲ್ಲಿ ರೈಲ್ವೆ ಸೇರಿದರು.

ಹತ್ತು ವರ್ಷಕ್ಕೆ ದೊಡ್ಡ ಪರೀಕ್ಷೆ ಬಂತು. 1964ರ ಡಿಸೆಂಬರ್‌ನ ಚಂಡಮಾರುತ ರಾಮೇಶ್ವರಕ್ಕೆ ಹೋಗುವ ಪಂಬನ್ ರೈಲು ಸೇತುವೆಯ ನೂರಕ್ಕೂ ಹೆಚ್ಚು ಗರ್ಡರ್‌ಗಳನ್ನು (ಹಳಿ ಹೊರುವ ಉಕ್ಕಿನ ತೊಲೆಗಳನ್ನು) ಕೊಚ್ಚಿಕೊಂಡು ಹೋಯಿತು. ದುರಸ್ತಿಗೆ ರೈಲ್ವೆ ಕೊಟ್ಟಿದ್ದು ಆರು ತಿಂಗಳು. ಮೇಲಧಿಕಾರಿ ಅದನ್ನು ಮೂರಕ್ಕೆ ಇಳಿಸಿದರು. ಹೊಸ ಗರ್ಡರ್ ಬರುವವರೆಗೆ ಕಾಯುವ ಬದಲು, ಶ್ರೀಧರನ್ ಬಿದ್ದವನ್ನೇ ಸಮುದ್ರದಿಂದ ಎತ್ತಿ ಮತ್ತೆ ಕೂರಿಸಿದರು. ಅವು ಎಲ್ಲಿ ಬಿದ್ದಿವೆ ಅಂತ ತೋರಿಸಿದವರು ಮೀನುಗಾರರು. 46 ದಿನಕ್ಕೆ ಸೇತುವೆ ಸಿದ್ಧ. ನನಗೆ ಆ 46ಕ್ಕಿಂತ ಮೀನುಗಾರರ ಮಾತು ಕೇಳಿದ್ದೇ ದೊಡ್ಡದು ಅನಿಸುತ್ತದೆ.

1970ರಲ್ಲಿ ಅವರಿಗೆ ಕೋಲ್ಕತ್ತಾ ಮೆಟ್ರೋದ ಯೋಜನೆ, ವಿನ್ಯಾಸದ ಹೊಣೆ ಬಂತು. ಅಲ್ಲಿ ಕಷ್ಟ ಕೊಟ್ಟಿದ್ದು ಬರೀ ಮಣ್ಣಲ್ಲ. ಹಣ ಕಂತುಕಂತಾಗಿ ಬರುತ್ತಿತ್ತು. ರಸ್ತೆಯಡಿಯ ನೀರಿನ ಪೈಪು, ಕೇಬಲ್ ಸರಿಸುವುದೇ ದೊಡ್ಡ ಕೆಲಸವಾಯಿತು. ಮೇಲಿಂದ ಕೋರ್ಟಿನ ತಡೆಯಾಜ್ಞೆಗಳು. ಅಗೆದ ರಸ್ತೆ ವರ್ಷಗಟ್ಟಲೆ ಹಾಗೇ ಬಿದ್ದಿದ್ದರೆ ಜನರಿಗೆ ಎಷ್ಟು ಬೇಜಾರಾಗುತ್ತದೆ ಅಲ್ವಾ? ಅವರು ಮಾತ್ರ 1975ರಲ್ಲೇ ಅಲ್ಲಿಂದ ಬೇರೆ ಕೆಲಸಕ್ಕೆ ಹೋಗಿದ್ದರು.

1990ರಲ್ಲಿ ರೈಲ್ವೆಯಿಂದ ನಿವೃತ್ತರಾದ ಮೇಲೆ ಕೊಂಕಣ ರೈಲ್ವೆ. ಇದಕ್ಕೆ ಬೇರೆಯೇ ನಿಗಮ ಕಟ್ಟಿದರು. ಹೊನ್ನಾವರದಲ್ಲಿ ಶರಾವತಿ ಮೇಲೆ ಎರಡು ಕಿ.ಮೀ. ಮೀರಿದ ಸೇತುವೆ, ದಾರಿಯುದ್ದಕ್ಕೂ 90ಕ್ಕಿಂತ ಜಾಸ್ತಿ ಸುರಂಗ. ಗೋವಾದ ಮೆತ್ತನೆ ಮಣ್ಣು ಸುರಂಗದೊಳಗೆ ಕುಸಿದು ಬಹಳ ಕಾಡಿತು. ಕಚೇರಿಯಲ್ಲಿ ಹಿಂದಕ್ಕೆ ಓಡುವ ಗಡಿಯಾರ: ಇನ್ನು ಎಷ್ಟು ದಿನ ಉಳಿದಿದೆ ಅಂತ ಎಲ್ಲರಿಗೂ ಕಾಣಬೇಕಿತ್ತು. 1998ರ ಜನವರಿಯಲ್ಲಿ ಪೂರ್ತಿ ಮಾರ್ಗ ತೆರೆಯಿತು.

ಬೇರೆಯೇ ನಿಗಮ ಕಟ್ಟುವ ಅದೇ ಪಾಠ ದೆಹಲಿಗೂ ಬಂತು. ಕೇಂದ್ರ ಮತ್ತು ದೆಹಲಿ ಸರ್ಕಾರ ಸಮಪಾಲಿನ ಕಂಪನಿ ಮಾಡಿದ್ದವು. ಟೆಂಡರ್ ಆಗಲಿ, ಸಿಬ್ಬಂದಿ ಆಯ್ಕೆ ಆಗಲಿ, ನಿರ್ಧಾರ ಅಲ್ಲೇ ಆಗುತ್ತಿತ್ತು. ಪ್ರತಿ ಸಣ್ಣ ಕಡತವೂ ಸಚಿವಾಲಯಕ್ಕೆ ಅಲೆಯಬೇಕಿರಲಿಲ್ಲ. 65 ಕಿ.ಮೀ.ಗಳ ಮೊದಲ ಹಂತ ನಿಗದಿಗಿಂತ ಎರಡು ವರ್ಷಕ್ಕೂ ಮೊದಲೇ ಮುಗಿಯಿತು. ಹಾಗಂತ ಎಲ್ಲ ಸುಗಮವಾಗಿರಲಿಲ್ಲ. 2009ರಲ್ಲಿ ಕಟ್ಟುತ್ತಿದ್ದ ಮೇಲುಸೇತುವೆ ಕುಸಿದು ಕಾರ್ಮಿಕರು ಸತ್ತಾಗ ಅವರು ನೈತಿಕ ಹೊಣೆ ಹೊತ್ತು ರಾಜೀನಾಮೆ ಕೊಟ್ಟರು. ಸರ್ಕಾರ ಒಪ್ಪಲಿಲ್ಲ.

ಒಂದು ವಾದದಲ್ಲಿ ಮಾತ್ರ ಅವರು ಮೊದಲು ಸೋತರು. ಜಗತ್ತಿನ ಬಹುತೇಕ ಮೆಟ್ರೋಗಳಲ್ಲಿರುವ 1,435 ಮಿ.ಮೀ. ಸ್ಟ್ಯಾಂಡರ್ಡ್ ಗೇಜ್ ಬೇಕೆಂದರು (ಗೇಜ್ ಅಂದರೆ ಎರಡು ಹಳಿಗಳ ನಡುವಿನ ಅಂತರ). ರೈಲ್ವೆ ಕೇಳಲಿಲ್ಲ, ದೆಹಲಿಯ ಮೊದಲ ಹಂತ ಅದಕ್ಕಿಂತ ಅಗಲದ ಬ್ರಾಡ್ ಗೇಜ್‌ನಲ್ಲೇ ಆಯಿತು. ಬೆಂಗಳೂರು ಮೆಟ್ರೋದ ಯೋಜನಾ ವರದಿ ತಯಾರಿಸಿದ್ದೂ ದೆಹಲಿ ಮೆಟ್ರೋ ನಿಗಮವೇ. 2011ರ ಅಕ್ಟೋಬರ್ 20ರಂದು ಬೈಯಪ್ಪನಹಳ್ಳಿಯಿಂದ ಎಂ.ಜಿ. ರಸ್ತೆಗೆ ರೈಲು ಹೊರಟಾಗ, ಅದರ ಕೆಳಗಿದ್ದ ಹಳಿಯ ಅಳತೆ 1,435 ಮಿ.ಮೀ.