ರೇಷ್ಮೆ ಪತ್ರಗಳು ಮತ್ತು ಮೌಲಾನಾ ಮಹಮೂದ್ ಹಸನ್

1916ರ ಆಗಸ್ಟ್‌ನಲ್ಲಿ ಹಳದಿ ರೇಷ್ಮೆ ಬಟ್ಟೆಯ ಮೂರು ತುಂಡುಗಳು ಮುಲ್ತಾನಿನ ಬ್ರಿಟಿಷ್ ಅಧಿಕಾರಿಗಳ ಕೈ ಸೇರಿದವು. ಕಾಬೂಲಿನಿಂದ ಹೊರಟ ಆ ಪತ್ರಗಳು ತಲುಪಬೇಕಿದ್ದುದು ಅರೇಬಿಯಾದಲ್ಲಿದ್ದ ಮೌಲಾನಾ ಮಹಮೂದ್ ಹಸನ್ ಅವರಿಗೆ.

1851ರಲ್ಲಿ ಬರೇಲಿಯಲ್ಲಿ ಹುಟ್ಟಿದ ಮಹಮೂದ್ ಹಸನ್, 1866ರಲ್ಲಿ ಆರಂಭವಾದ ಇಸ್ಲಾಮಿಕ್ ವಿದ್ಯಾಸಂಸ್ಥೆ ದೇವಬಂದ್ ದಾರುಲ್ ಉಲೂಮ್‌ನ ಮೊದಲ ವಿದ್ಯಾರ್ಥಿ. ಮುಂದೆ ಅಲ್ಲಿಯೇ ಮುಖ್ಯ ಅಧ್ಯಾಪಕರಾದರು. ಪಾಠ ಹೇಳುತ್ತಲೇ ಅವರು ಕಟ್ಟಿದ್ದು ಶಿಷ್ಯರ ಜಾಲ. ಅದು ವಾಯವ್ಯ ಗಡಿಯ ಪಠಾಣ್ ಪ್ರದೇಶದವರೆಗೂ ಹಬ್ಬಿತ್ತು.

ಮೊದಲ ಮಹಾಯುದ್ಧ ಶುರುವಾದಾಗ ಬ್ರಿಟಿಷರನ್ನು ಭಾರತದಿಂದ ಓಡಿಸಲು ಈ ಜಾಲದಲ್ಲಿ ಯೋಜನೆಯೊಂದು ರೂಪುಗೊಂಡಿತು: ಗಡಿಯ ಬುಡಕಟ್ಟುಗಳು ಏಳಬೇಕು, ಅಫ್ಘಾನಿಸ್ತಾನ ದಾರಿ ಬಿಡಬೇಕು, ತುರ್ಕಿ ನೆರವು ಕೊಡಬೇಕು, ಅದೇ ಹೊತ್ತಿಗೆ ದೇಶದೊಳಗೂ ಬಂಡಾಯವಾಗಬೇಕು. 1915ರಲ್ಲಿ ಶಿಷ್ಯ ಉಬೈದುಲ್ಲಾ ಸಿಂಧಿ ಕಾಬೂಲಿಗೆ ಹೋದರು, ಗುರು ಮೆಕ್ಕಾ, ಮದೀನಾಗಳಿರುವ ಅರೇಬಿಯಾದ ಹಿಜಾಜ್ ಪ್ರದೇಶಕ್ಕೆ ಹೊರಟರು. ಅಲ್ಲಿ ತುರ್ಕಿ ಗವರ್ನರ್ ಗಾಲಿಬ್ ಪಾಶಾರಿಂದ ಬ್ರಿಟಿಷರ ವಿರುದ್ಧದ ಹೋರಾಟಕ್ಕೆ ಕರೆಪತ್ರ ಪಡೆದರು. ಡಿಸೆಂಬರ್ 1ರಂದು ಕಾಬೂಲಿನಲ್ಲಿ ರಾಜಾ ಮಹೇಂದ್ರ ಪ್ರತಾಪ್ ಅಧ್ಯಕ್ಷರಾಗಿ, ಬರ್ಕತುಲ್ಲಾ ಪ್ರಧಾನಿಯಾಗಿ, ಸಿಂಧಿ ಗೃಹಮಂತ್ರಿಯಾಗಿ ಭಾರತದ ತಾತ್ಕಾಲಿಕ ಸರ್ಕಾರ ಸ್ಥಾಪನೆಯಾಯಿತು.

ಆ ಸರ್ಕಾರದ ವಿವರ, ಮದೀನಾ ಕೇಂದ್ರವಾಗಿ ಮಹಮೂದ್ ಹಸನ್ ನೇತೃತ್ವದಲ್ಲಿ ಕಟ್ಟಬೇಕಿದ್ದ ಸೇನೆಯ ನೀಲನಕ್ಷೆ, ಹೊಣೆ ಹೊರಬೇಕಾದವರ ಹೆಸರುಗಳು ಎಲ್ಲವೂ 1916ರ ಜುಲೈನಲ್ಲಿ ಬರೆದ ಆ ರೇಷ್ಮೆಯ ಮೇಲಿದ್ದವು. ರೇಷ್ಮೆಯನ್ನು ಬಟ್ಟೆಯ ಒಳಪದರದಲ್ಲಿ ಅಡಗಿಸಿದರೆ ಕಾಗದದಂತೆ ಸದ್ದು ಮಾಡುವುದಿಲ್ಲ, ಮಡಿಕೆಯಲ್ಲಿ ಹರಿಯುವುದೂ ಇಲ್ಲ. ಪತ್ರ ಒಯ್ಯುವ ಹೊಣೆ ಅಬ್ದುಲ್ ಹಕ್‌ನದು. ಅದನ್ನು ಸಿಂಧ್ ಪ್ರಾಂತ್ಯದ ಹೈದರಾಬಾದಿನ ಶೇಖ್ ಅಬ್ದುರ್ ರಹೀಮ್ ಅವರಿಗೆ ಒಪ್ಪಿಸಬೇಕಿತ್ತು, ಅಲ್ಲಿಂದ ಮುಂದಿನ ಪಯಣ ಅರೇಬಿಯಾಕ್ಕೆ. ಆದರೆ ಆತ ಮುಲ್ತಾನಿನಲ್ಲಿ ತನ್ನ ಹಳೆಯ ಯಜಮಾನ ಖಾನ್ ಬಹದ್ದೂರ್ ರಬ್ ನವಾಜ್ ಖಾನ್‌ನನ್ನು ಕಂಡ. ಖಾನನ ಮಕ್ಕಳು ಕಾಬೂಲಿಗೆ ಓಡಿಹೋದವರಲ್ಲಿ ಸೇರಿದ್ದರು. ಪತ್ರಗಳ ಸಂಗತಿ ಖಾನನಿಗೆ ತಿಳಿಯಿತು, ಅವನು ಅವನ್ನು ಸರ್ಕಾರಕ್ಕೆ ಒಪ್ಪಿಸಿದ. ಇಡೀ ಜಾಲದ ಹೆಸರುಗಳನ್ನು ಒಂದೇ ಕಡೆ ಬರೆದು, ಒಬ್ಬನ ಕೈಯಲ್ಲಿ ಕಳಿಸಿದ್ದು ದೊಡ್ಡ ತಪ್ಪು. ಬಂಧನಗಳು ಸಾಲುಸಾಲಾಗಿ ನಡೆದವು.

ಹಾಗೆಂದು ಪತ್ರ ತಲುಪಿದ್ದರೆ ಬಂಡಾಯ ಗೆಲ್ಲುತ್ತಿತ್ತು ಎನ್ನಲಾಗದು. ಅಫ್ಘಾನ್ ಅಮೀರ್ ಹಬೀಬುಲ್ಲಾ ಬ್ರಿಟಿಷರಿಂದ ವರ್ಷಕ್ಕೆ 18 ಲಕ್ಷ ರೂಪಾಯಿಗೂ ಹೆಚ್ಚು ಪಡೆಯುತ್ತಿದ್ದ, ಯುದ್ಧಕ್ಕಿಳಿಯಲು ಅವನಿಗೆ ಮನಸ್ಸಿರಲಿಲ್ಲ. ಮೆಕ್ಕಾದ ಆಡಳಿತಗಾರ ಶರೀಫ್ ಹುಸೇನ್ ಜೂನ್‌ನಲ್ಲಿಯೇ ಬ್ರಿಟಿಷರ ಬೆಂಬಲದಿಂದ ತುರ್ಕಿಯ ವಿರುದ್ಧ ದಂಗೆ ಎದ್ದಿದ್ದ. ಕಾಬೂಲಿನಲ್ಲಿ ಪತ್ರ ಬರೆಯುವ ಹೊತ್ತಿಗೆ ಮಹಮೂದ್ ಹಸನ್ ಮುತ್ತಿಗೆಗೆ ಸಿಕ್ಕ ಹಿಜಾಜಿನ ತಾಯಿಫ್ ಪಟ್ಟಣದಲ್ಲಿದ್ದರು. ಯೋಜನೆಯ ನಿಜವಾದ ದೌರ್ಬಲ್ಯ ಇಲ್ಲಿದೆ: ಅದು ನಿಂತದ್ದು ಪರದೇಶದ ಅರಸರ ಮಾತಿನ ಮೇಲೆ.

ತುರ್ಕರನ್ನು ಧರ್ಮಭ್ರಷ್ಟರೆಂದು ಸಾರುವ ಫತ್ವಾಕ್ಕೆ ಸಹಿ ಹಾಕಲು ಮಹಮೂದ್ ಹಸನ್ ಒಪ್ಪಲಿಲ್ಲ. ಶರೀಫನ ಕಡೆಯವರು ಅವರನ್ನು ಹಿಡಿದು ಬ್ರಿಟಿಷರಿಗೆ ಒಪ್ಪಿಸಿದರು. 1917ರ ಫೆಬ್ರವರಿಯಲ್ಲಿ ಮಾಲ್ಟಾ ದ್ವೀಪದ ಸೆರೆ. ಜೊತೆಗೆ ಹುಸೇನ್ ಅಹ್ಮದ್ ಮದನಿ, ಉಜೈರ್ ಗುಲ್, ವಹೀದ್ ಅಹ್ಮದ್ ಮತ್ತು ಹಕೀಮ್ ನುಸ್ರತ್ ಹುಸೇನ್. ಹಕೀಮರು ಅಲ್ಲಿಯೇ ತೀರಿಕೊಂಡರು. ಕುರ್‌ಆನ್‌ನ ಉರ್ದು ಅನುವಾದವನ್ನು ಮಹಮೂದ್ ಹಸನ್ ಆ ಸೆರೆಯಲ್ಲಿ ಪೂರ್ತಿ ಮಾಡಿದರು.

1920ರ ಜೂನ್‌ನಲ್ಲಿ ಮುಂಬೈಗೆ ಮರಳಿದವರು ಆಯ್ದುಕೊಂಡದ್ದು ಅಸಹಕಾರದ ಹಾದಿಯನ್ನು. ಅಕ್ಟೋಬರ್ 29ರಂದು ಅಲೀಗಢದಲ್ಲಿ ಜಾಮಿಯಾ ಮಿಲ್ಲಿಯಾ ಇಸ್ಲಾಮಿಯಾ ಉದ್ಘಾಟಿಸಿದಾಗ ಭಾಷಣ ಓದುವಷ್ಟೂ ತ್ರಾಣವಿರಲಿಲ್ಲ, ಅವರ ಪರವಾಗಿ ಶಿಷ್ಯರೊಬ್ಬರು ಓದಿದರು. ನವೆಂಬರ್ 30ರಂದು ದೆಹಲಿಯಲ್ಲಿ ನಿಧನರಾದರು. ಮಾಲ್ಟಾದ ಒಡನಾಡಿ ಮದನಿ, ಹಿಂದೂ ಮುಸ್ಲಿಮರು ಒಂದೇ ರಾಷ್ಟ್ರವೆಂಬ ವಾದವನ್ನು ಮುಂದಕ್ಕೊಯ್ದು, ಮುಸ್ಲಿಂ ಲೀಗ್‌ನ ಎದುರು ನಿಂತು ದೇಶವಿಭಜನೆಯನ್ನು ವಿರೋಧಿಸಿದರು.