ಕಾಣೆಯಾದ ಡಿಎಲ್‌ಎಲ್‌ನ ಬೆನ್ನು ಹತ್ತುವ ಮುನ್ನ

ವಿಂಡೋಸ್ ಇನ್‌ಸ್ಟಾಲ್ ಆಗುತ್ತಾ ಆಗುತ್ತಾ ಅರ್ಧಕ್ಕೆ ನಿಂತುಬಿಡುತ್ತದೆ. ಬೇಕಾದ ಫೈಲುಗಳು ಕೆಟ್ಟಿವೆ ಅಥವಾ ಇಲ್ಲವೇ ಇಲ್ಲ ಎಂಬ ಸಂದೇಶ ಬರುತ್ತದೆ. ಕೆಲವೊಮ್ಮೆ ಕಾಣೆಯಾದ ಡಿಎಲ್‌ಎಲ್‌ನ, ಅಂದರೆ ಪ್ರೋಗ್ರಾಮುಗಳು ಹಂಚಿಕೊಳ್ಳುವ ಕೋಡ್ ಫೈಲಿನ, ಹೆಸರನ್ನೇ ಪರದೆ ತೋರಿಸುತ್ತದೆ. ಮುಂದೆ ಏನಾಗುತ್ತದೆ ಎಂಬುದು ನನಗೆ ಬಾಯಿಪಾಠ. ಮೊಬೈಲಿನಲ್ಲಿ ಆ ಹೆಸರನ್ನು ಹುಡುಕುತ್ತಾರೆ. ಆ ಒಂದೇ ಒಂದು ಫೈಲನ್ನು ಉಚಿತವಾಗಿ ಕೊಡುತ್ತೇವೆ ಎನ್ನುವ ಜಾಲತಾಣ ಥಟ್ಟನೆ ಸಿಗುತ್ತದೆ. ಇಳಿಸಿಕೊಂಡು ವಿಂಡೋಸ್ ತನ್ನ ಮುಖ್ಯ ಫೈಲುಗಳನ್ನು ಇಡುವ ಸಿಸ್ಟಮ್32 ಫೋಲ್ಡರಿಗೆ ಹಾಕುತ್ತಾರೆ. ಕಂಪ್ಯೂಟರ್ ನನ್ನ ಮೇಜಿಗೆ ಬರುವ ಹೊತ್ತಿಗೆ ಮೊದಲಿದ್ದ ತೊಂದರೆ ಯಾವುದು, ಆಮೇಲೆ ಸೇರಿಕೊಂಡದ್ದು ಯಾವುದು ಎಂದು ಬಿಡಿಸುವುದೇ ಅರ್ಧ ದಿನದ ಕೆಲಸ.

ಕಂಪ್ಯೂಟರುಗಳಿಗೆ ಆಪರೇಟಿಂಗ್ ಸಿಸ್ಟಮ್ ಹಾಕುವುದು, ಬಿದ್ದದ್ದನ್ನು ಎತ್ತಿ ನಿಲ್ಲಿಸುವುದು ನನ್ನ ನಿತ್ಯದ ಕೆಲಸ. ಆ ಅನುಭವದಿಂದ ಒಂದು ಮಾತು ಹೇಳಬೇಕು. ಸೆಟಪ್ ಸಮಯದಲ್ಲಿ ಒಂದು ಲೈಬ್ರರಿ ಫೈಲ್ ಸಿಗಲಿಲ್ಲ ಎಂದರೆ ಆ ಫೈಲನ್ನು ಹುಡುಕಬೇಡಿ. ಅದು ಎಲ್ಲಿಂದ ಬರಬೇಕಿತ್ತೋ ಆ ಮೂಲವನ್ನು ನೋಡಿ.

ಡಿಎಲ್‌ಎಲ್ ಎಂದರೆ ಡೈನಮಿಕ್ ಲಿಂಕ್ ಲೈಬ್ರರಿ. ಹಲವು ಪ್ರೋಗ್ರಾಮುಗಳಿಗೆ ಬೇಕಾಗುವ ಕೋಡನ್ನು ಪ್ರತಿಯೊಂದರೊಳಗೂ ತುಂಬುವ ಬದಲು ಬೇರೆ ಫೈಲಿನಲ್ಲಿಟ್ಟು, ಬೇಕೆನಿಸಿದಾಗ ಮೆಮೊರಿಗೆ ಎಳೆದುಕೊಳ್ಳುವ ಏರ್ಪಾಡು. ಮನೆಗೊಂದು ಬಾವಿ ತೋಡುವ ಬದಲು ಎಲ್ಲರೂ ಒಂದೇ ಬಾವಿಯಲ್ಲಿ ನೀರು ಸೇದಿದ ಹಾಗೆ. ಜಾಗ ಉಳಿಯುತ್ತದೆ, ದುರಸ್ತಿ ಒಂದೇ ಕಡೆ ಮಾಡಿದರೆ ಸಾಕು. ಆದರೆ ಬಾವಿ ಕೆಟ್ಟರೆ ಎಲ್ಲ ಮನೆಗಳ ನೀರೂ ಕೆಡುತ್ತದೆ. ಲಿನಕ್ಸ್‌ನಲ್ಲಿ ಇದೇ ಕೆಲಸವನ್ನು ‘ಎಸ್‌ಓ’ ಫೈಲುಗಳು ಮಾಡುತ್ತವೆ.

ಇಲ್ಲೊಂದು ಸಹಜವಾದ ಪ್ರಶ್ನೆ ಇದೆ. ಡಿಸ್ಕ್ ಇನ್ನೂ ಖಾಲಿ, ಅದರಲ್ಲಿ ವಿಂಡೋಸೇ ಇಲ್ಲ. ಹಾಗಿದ್ದರೆ ಸೆಟಪ್ ಪ್ರೋಗ್ರಾಮ್ ಯಾವ ಲೈಬ್ರರಿಗಳ ಬಲದಿಂದ ಓಡುತ್ತಿದೆ? ವಿಂಡೋಸ್ ಹಾಕಲು ಬಳಸುವ ಪೆನ್‌ಡ್ರೈವಿನ ‘ಸೋರ್ಸಸ್’ ಫೋಲ್ಡರಿನಲ್ಲಿ ‘ಬೂಟ್ ವಿಮ್’ ಎಂಬ ಫೈಲ್ ಇರುತ್ತದೆ. ಅದರೊಳಗಿರುವುದು ವಿಂಡೋಸ್ ಪಿಇ, ಅಂದರೆ ಒಂದು ಪುಟ್ಟ ವಿಂಡೋಸ್. ಕಂಪ್ಯೂಟರ್ ಪೆನ್‌ಡ್ರೈವಿನಿಂದ ಬೂಟ್ ಆದಾಗ ಇದು ರ‍್ಯಾಮ್‌ನೊಳಗೆ ಬಿಚ್ಚಿಕೊಂಡು ‘ಎಕ್ಸ್’ ಎಂಬ ಡ್ರೈವಾಗಿ ನಿಲ್ಲುತ್ತದೆ. ಅದಕ್ಕೆ ತನ್ನದೇ ಸಿಸ್ಟಮ್32 ಇದೆ, ತನ್ನದೇ ಡಿಎಲ್‌ಎಲ್‌ಗಳಿವೆ. ಸೆಟಪ್ಪಿಗೆ ಮಾತ್ರ ಬೇಕಾದವು ಸೆಟಪ್ ಫೈಲಿನ ಅಕ್ಕಪಕ್ಕದಲ್ಲೇ ಇರುತ್ತವೆ. ಉತ್ತರಗಳನ್ನು ಮೊದಲೇ ಬರೆದಿಟ್ಟ ಫೈಲನ್ನು ಓದುವ ‘ಅನ್‌ಅಟೆಂಡ್’ ಡಿಎಲ್‌ಎಲ್, ಇಮೇಜನ್ನು (ವಿಂಡೋಸ್ ಫೈಲುಗಳನ್ನೆಲ್ಲ ಒತ್ತಿ ತುಂಬಿದ ಒಂದೇ ಫೈಲ್) ಬಿಚ್ಚುವ ‘ವಿಮ್‌ಜಿಎಪಿಐ’, ಹಾರ್ಡ್‌ವೇರಿನ ಐಎನ್‌ಎಫ್ ಫೈಲುಗಳನ್ನು ಓದಿ ಡ್ರೈವರ್ ಕೂರಿಸುವ ‘ಸೆಟಪ್‌ಎಪಿಐ’ ಇವು ಈ ಎರಡೂ ಬಗೆಯವುಗಳಲ್ಲಿ ಮುಖ್ಯವಾದವು. ಅಂದರೆ ಸೆಟಪ್ ನಡೆಯುವಾಗ ಎರಡು ವಿಂಡೋಸ್‌ಗಳಿರುತ್ತವೆ. ಒಂದು ರ‍್ಯಾಮ್‌ನಲ್ಲಿ ಓಡುತ್ತಿರುವುದು, ಇನ್ನೊಂದು ಡಿಸ್ಕಿನ ಮೇಲೆ ಕಟ್ಟುತ್ತಿರುವುದು. ಫೈಲ್ ಇಲ್ಲ ಎಂಬ ದೂರು ಯಾವುದರಿಂದ ಬಂತು ಎಂದು ತಿಳಿಯದೆ ಕೈ ಹಾಕಿದರೆ ಗಾಯ ಒಂದು ಕಡೆ, ಪಟ್ಟಿ ಇನ್ನೊಂದು ಕಡೆ ಆಗುತ್ತದೆ.

ಒಂದೊಂದೇ ಫೈಲನ್ನು ಹುಡುಕುವ ಅಭ್ಯಾಸ ಬಂದದ್ದು ಹಳೆಯ ಕಾಲದಿಂದ. 2001ರ ವಿಂಡೋಸ್ ಎಕ್ಸ್‌ಪಿ ಕಾಲದಲ್ಲಿ ಸಿಡಿಯ ‘ಐ386’ ಫೋಲ್ಡರಿನಿಂದ ಫೈಲುಗಳು ಒಂದೊಂದಾಗಿ ಕಾಪಿ ಆಗುತ್ತಿದ್ದವು. ಸಿಡಿಯ ಮೇಲೆ ಗೀರು ಬಿದ್ದಿದ್ದರೆ ಇಂಥ ಫೈಲ್ ಕಾಪಿ ಆಗಲಿಲ್ಲ ಎಂದು ಹೆಸರು ಹಿಡಿದು ಹೇಳುತ್ತಿತ್ತು. ಇನ್ನೊಂದು ಸಿಡಿಯಿಂದ ಅದೇ ಫೈಲ್ ತಂದುಕೊಟ್ಟರೆ ಕೆಲಸ ಮುಂದುವರಿಯುತ್ತಿತ್ತು. ಅಂದಿಗೆ ಅದು ಸರಿಯಾದ ಮದ್ದೇ. ಆದರೆ 2007ರಲ್ಲಿ ವಿಸ್ಟಾ ಬಂದ ಮೇಲೆ ಇಡೀ ವಿಂಡೋಸ್ ‘ಇನ್‌ಸ್ಟಾಲ್ ವಿಮ್’ ಎಂಬ ಒಂದೇ ದೊಡ್ಡ ಇಮೇಜಿನೊಳಗೆ ಹೋಯಿತು. ಸಾವಿರಾರು ಫೈಲುಗಳು ಅದರಲ್ಲಿ ಒತ್ತೊತ್ತಾಗಿ ಕೂತಿವೆ. ಒಂದೇ ಫೈಲ್ ಹಲವು ಕಡೆ ಬೇಕಿದ್ದರೆ ಅದರ ಒಳಹುರುಳು ಒಂದೇ ಸಲ ಇರುತ್ತದೆ. ಪ್ರತಿಯೊಂದಕ್ಕೂ ಒಂದು ಹ್ಯಾಶ್, ಅಂದರೆ ಒಳಹುರುಳಿನಿಂದ ಲೆಕ್ಕ ಹಾಕಿದ ಗುರುತು ಸಂಖ್ಯೆ, ಬರೆದಿಟ್ಟಿರುತ್ತದೆ. ಬಿಚ್ಚಿದ್ದು ಆ ಹ್ಯಾಶ್‌ಗೆ ತಾಳೆಯಾಗದಿದ್ದರೆ ಸೆಟಪ್ ನಿಲ್ಲುತ್ತದೆ. ಹೀಗಿರುವಾಗ ಹೊರಗಿನಿಂದ ಒಂದು ಡಿಎಲ್‌ಎಲ್ ತಂದರೆ ಅದನ್ನು ಹಾಕುವುದಾದರೂ ಎಲ್ಲಿಗೆ?

ಎರರ್ ಕೋಡುಗಳನ್ನು ಮಂತ್ರದಂತೆ ನೋಡುವವರೇ ಹೆಚ್ಚು. ಅವನ್ನು ಓದಲು ಬರುತ್ತದೆ, ಕಷ್ಟವೇನಿಲ್ಲ. 8007 ಎಂದು ಶುರುವಾದರೆ ಉಳಿದ ನಾಲ್ಕು ಅಂಕಿಗಳು ವಿಂಡೋಸ್‌ನ ಮಾಮೂಲಿ ಎರರ್ ಸಂಖ್ಯೆ, ಹದಿನಾರರ ಲೆಕ್ಕದಲ್ಲಿ ಬರೆದದ್ದು. 80070570 ಎಂದಿದ್ದರೆ ಕೊನೆಯ 570ನ್ನು ಹತ್ತರ ಲೆಕ್ಕಕ್ಕೆ ತಂದಾಗ 1392, ಅಂದರೆ ಫೈಲ್ ಕೆಟ್ಟಿದೆ, ಓದಲಾಗದು. ಕೊನೆಯಲ್ಲಿ 7ಇ ಇದ್ದರೆ 126, ಮಾಡ್ಯೂಲ್ ಸಿಗಲಿಲ್ಲ. ಈ 126 ಅನೇಕರನ್ನು ದಾರಿ ತಪ್ಪಿಸುತ್ತದೆ. ಹೆಸರಿಸಿದ ಡಿಎಲ್‌ಎಲ್ ಕಣ್ಣೆದುರೇ ಕೂತಿರುತ್ತದೆ, ಆದರೂ ಸಿಗಲಿಲ್ಲ ಎನ್ನುತ್ತದೆ. ಆ ಡಿಎಲ್‌ಎಲ್ ಇನ್ನೊಂದನ್ನು ನೆಚ್ಚಿಕೊಂಡಿದೆ, ಅದು ಮತ್ತೊಂದನ್ನು. ಆ ಸರಪಳಿಯಲ್ಲಿ ಎಲ್ಲೋ ಒಂದು ಕೊಂಡಿ ಇಲ್ಲದಿದ್ದರೂ ದೂರು ಬರುವುದು ಮೊದಲಿನದರ ಹೆಸರಿನಲ್ಲಿ. ಇನ್ನು ‘ಸಿ’ ಎಂದು ಶುರುವಾಗಿ ‘7ಬಿ’ ಎಂದು ಮುಗಿಯುವ ಕೋಡ್ ಬಂದರೆ ಹೆಚ್ಚಿನ ಸಲ 64 ಬಿಟ್ ಪ್ರೋಗ್ರಾಮಿಗೆ 32 ಬಿಟ್ ಲೈಬ್ರರಿ ಸಿಕ್ಕಿದೆ, ಅಥವಾ ತಿರುಗುಮುರುಗು ಎಂದರ್ಥ. ಫೋಲ್ಡರುಗಳ ಹೆಸರೂ ಇಲ್ಲಿ ಕೈಕೊಡುತ್ತದೆ. 64 ಬಿಟ್ ವಿಂಡೋಸ್‌ನಲ್ಲಿ 64 ಬಿಟ್ ಲೈಬ್ರರಿಗಳಿರುವುದು ಸಿಸ್ಟಮ್32ರಲ್ಲಿ, 32 ಬಿಟ್‌ನವು ಇರುವುದು ‘ಸಿಸ್‌ವಾವ್64’ರಲ್ಲಿ. ಹಳೆಯ ಪ್ರೋಗ್ರಾಮುಗಳು ಮುರಿಯದಿರಲಿ ಎಂದು ಮಾಡಿದ್ದು. ಜಾಲತಾಣದಿಂದ ಇಳಿಸಿದ ಡಿಎಲ್‌ಎಲ್ ಎಷ್ಟೋ ಸಲ ತಪ್ಪು ಫೋಲ್ಡರ್ ಸೇರುವುದು ಈ ಕಾರಣಕ್ಕೇ.

ನನಗೆ ಪಾಠ ಕಲಿಸಿದ ಒಂದು ಪ್ರಸಂಗ ಹೇಳುತ್ತೇನೆ. ಒಂದು ಕಚೇರಿಯಲ್ಲಿ ಒಂದೇ ಮಾದರಿಯ ಆರು ಕಂಪ್ಯೂಟರುಗಳಿಗೆ ಒಂದೇ ಪೆನ್‌ಡ್ರೈವಿನಿಂದ ವಿಂಡೋಸ್ ಹಾಕುತ್ತಿದ್ದೆ. ಐದು ಸರಾಗವಾಗಿ ಮುಗಿದವು. ಆರನೆಯದು 80070570 ಎಂದು ನಿಂತಿತು. ನನ್ನ ಮೊದಲ ಅನುಮಾನ ಪೆನ್‌ಡ್ರೈವಿನ ಮೇಲೆ. ಹೊಸದನ್ನು ತಯಾರಿಸಿದೆ, ಮತ್ತೆ ನಿಂತಿತು. ಡಿಸ್ಕ್ ಬದಲಿಸಿದೆ, ಮತ್ತೂ ನಿಂತಿತು. ಆಗ ಗಮನಕ್ಕೆ ಬಂದದ್ದು: ಮೊದಲ ಸಲ ನಿಂತದ್ದು ಕಾಲು ಭಾಗ ಮುಗಿದಾಗ, ಎರಡನೆಯ ಸಲ ಅರ್ಧ ದಾಟಿದ ಮೇಲೆ, ಮೂರನೆಯ ಸಲ ಶುರುವಿನಲ್ಲೇ. ಪೆನ್‌ಡ್ರೈವಿನ ಫೈಲ್ ಕೆಟ್ಟಿದ್ದರೆ ಪ್ರತಿ ಸಲವೂ ಅದೇ ಜಾಗದಲ್ಲಿ ಎಡವಬೇಕಿತ್ತು. ಜಾಗ ಬದಲಾಗುತ್ತಿದೆ ಎಂದರೆ ಫೈಲ್ ಸರಿ ಇದೆ, ಅದು ಹಾದು ಬರುವ ದಾರಿ ಕೆಟ್ಟಿದೆ. ಇಮೇಜ್ ಬಿಚ್ಚುವ ಕೆಲಸವೆಲ್ಲ ರ‍್ಯಾಮ್‌ನಲ್ಲೇ ನಡೆಯುವುದರಿಂದ ಅಲ್ಲಿ ಒಂದು ಬಿಟ್ ಮಗುಚಿದರೂ ಹ್ಯಾಶ್ ತಾಳೆಯಾಗುವುದಿಲ್ಲ. ಮೆಮೊರಿ ಪರೀಕ್ಷೆ ಓಡಿಸಿದೆ. ಎರಡು ರ‍್ಯಾಮ್ ಪಟ್ಟಿಗಳಲ್ಲಿ ಒಂದರಲ್ಲಿ ದೋಷ ಕಾಣಿಸಿತು. ಅದನ್ನು ಕಿತ್ತಿಟ್ಟು ಮೊದಲಿನ ಪೆನ್‌ಡ್ರೈವನ್ನೇ ಹಾಕಿದೆ, ಸೆಟಪ್ ಎಲ್ಲೂ ನಿಲ್ಲದೆ ಮುಗಿಯಿತು. ಅಂದಿನಿಂದ ಯಾರೇ ಕರೆದರೂ ನಾನು ಕೇಳುವ ಮೊದಲ ಪ್ರಶ್ನೆ ಒಂದೇ: ಎರಡು ಸಲ ಮಾಡಿ ನೋಡಿದಿರಾ, ಎರಡು ಸಲವೂ ಒಂದೇ ಕಡೆ ನಿಂತಿತೇ?

ಒಂದೇ ಕಡೆ ನಿಂತರೆ ಮೂಲವನ್ನು ಅನುಮಾನಿಸಿ. ಇಳಿಸಿಕೊಂಡ ಐಎಸ್‌ಓ (ಇನ್‌ಸ್ಟಾಲ್ ಡಿಸ್ಕಿನ ಪೂರ್ತಿ ನಕಲು) ಫೈಲಿನ ಹ್ಯಾಶ್ ಅನ್ನು ಮೈಕ್ರೋಸಾಫ್ಟ್ ಪ್ರಕಟಿಸಿದ ಹ್ಯಾಶ್ ಜೊತೆ ಹೋಲಿಸಿ. ಪವರ್‌ಶೆಲ್‌ನ ‘ಗೆಟ್-ಫೈಲ್‌ಹ್ಯಾಶ್’ ಕಮಾಂಡಿಗೆ ಅದು ನಿಮಿಷದ ಕೆಲಸ. ಪೆನ್‌ಡ್ರೈವನ್ನು ಕೈಯಿಂದ ಕಾಪಿ ಮಾಡಿ ತಯಾರಿಸಿದ್ದರೆ ಇನ್ನೊಂದು ಎಡವಟ್ಟು ಸಾಧ್ಯ. ಯುಇಎಫ್‌ಐ (ಈಗಿನ ಕಂಪ್ಯೂಟರುಗಳು ಶುರುವಾಗುವ ವಿಧಾನ) ಬೂಟ್‌ಗಾಗಿ ಪೆನ್‌ಡ್ರೈವ್ ಸಾಮಾನ್ಯವಾಗಿ ಫ್ಯಾಟ್32 ಎಂಬ ಫಾರ್ಮ್ಯಾಟಿನಲ್ಲಿರುತ್ತದೆ, ಫ್ಯಾಟ್32ರಲ್ಲಿ 4 ಜಿಬಿ ಮೀರಿದ ಒಂದು ಫೈಲ್ ಹಿಡಿಸುವುದಿಲ್ಲ. ಇತ್ತೀಚಿನ ಇನ್‌ಸ್ಟಾಲ್ ವಿಮ್ ಎಷ್ಟೋ ಸಲ ಅದಕ್ಕಿಂತ ದೊಡ್ಡದು. ಕಾಪಿ ಮಾಡುವಾಗ ಬಂದ ಎಚ್ಚರಿಕೆಯಲ್ಲಿ ‘ಸ್ಕಿಪ್’ ಒತ್ತಿ ಮುಂದೆ ಹೋದರೆ ಪೆನ್‌ಡ್ರೈವ್ ಬೂಟ್ ಆಗುತ್ತದೆ, ಭಾಷೆಯನ್ನೂ ಕೇಳುತ್ತದೆ, ಮುಖ್ಯವಾದ ಇಮೇಜ್ ಮಾತ್ರ ಅದರಲ್ಲಿ ಇರುವುದಿಲ್ಲ. ವಿಂಡೋಸ್‌ನಲ್ಲೇ ಇರುವ ಡಿಸ್ಮ್ ಕಮಾಂಡಿನಿಂದ ಆ ಇಮೇಜನ್ನು ‘ಎಸ್‌ಡಬ್ಲ್ಯುಎಂ’ ತುಂಡುಗಳಾಗಿ ಒಡೆಯಬಹುದು. ಇಲ್ಲವೇ ಮೈಕ್ರೋಸಾಫ್ಟ್‌ನದೇ ಮೀಡಿಯಾ ಕ್ರಿಯೇಷನ್ ಟೂಲ್ ಬಳಸಿ. ನಾನು ಎರಡನೆಯದನ್ನೇ ಹೇಳುತ್ತೇನೆ.

ಈಗ ಆ ಬಿಡಿ ಡಿಎಲ್‌ಎಲ್ ಜಾಲತಾಣಗಳ ವಿಷಯಕ್ಕೆ ಬರುತ್ತೇನೆ. ನನಗೆ ನಿಜಕ್ಕೂ ಕಳವಳ ಹುಟ್ಟಿಸುವುದು ಇದು. ಡಿಎಲ್‌ಎಲ್ ಒಂದು ಚಿತ್ರದಂಥ, ಅಕ್ಷರದಂಥ ನಿರುಪದ್ರವಿ ಫೈಲಲ್ಲ. ಅದು ಓಡುವ ಕೋಡ್. ಯಾವ ಪ್ರೋಗ್ರಾಮ್ ಅದನ್ನು ಎಳೆದುಕೊಂಡಿತೋ ಆ ಪ್ರೋಗ್ರಾಮಿನ ಅಧಿಕಾರವೆಲ್ಲ ಅದಕ್ಕೂ ಸಿಗುತ್ತದೆ. ಸೆಟಪ್ ಪ್ರೋಗ್ರಾಮುಗಳು ಸಾಮಾನ್ಯವಾಗಿ ಅಡ್ಮಿನಿಸ್ಟ್ರೇಟರ್ ಅಧಿಕಾರದಲ್ಲಿ ಓಡುತ್ತವೆ. ಇಳಿಸಿದ ಫೈಲನ್ನು ‘ರೆಗ್‌ಎಸ್‌ವಿಆರ್32’ ಕಮಾಂಡಿನಿಂದ ರಿಜಿಸ್ಟರ್ ಮಾಡಿ ಎಂದೂ ಕೆಲವು ತಾಣಗಳು ಹೇಳಿಕೊಡುತ್ತವೆ. ಆ ಕಮಾಂಡ್ ಮಾಡುವುದು ಏನು ಗೊತ್ತೇ? ಡಿಎಲ್‌ಎಲ್ ಅನ್ನು ಮೆಮೊರಿಗೆ ಎಳೆದು ಅದರೊಳಗಿನ ಒಂದು ಫಂಕ್ಷನ್ನನ್ನು ಓಡಿಸುತ್ತದೆ. ಗುರುತಿಲ್ಲದವರ ಕೋಡನ್ನು ನಾವೇ ಕೈಯಾರೆ, ಪೂರ್ಣ ಅಧಿಕಾರ ಕೊಟ್ಟು ಓಡಿಸಿದಂತೆ.

ಇದರ ಬೆನ್ನಿಗೇ ಇನ್ನೊಂದು ಅಪಾಯವಿದೆ, ಅದನ್ನು ಬಲ್ಲವರು ಕಡಿಮೆ. ಪ್ರೋಗ್ರಾಮ್ ಒಂದು ಡಿಎಲ್‌ಎಲ್ ಅನ್ನು ಬರೀ ಹೆಸರು ಹೇಳಿ ಕೇಳಿದಾಗ ವಿಂಡೋಸ್ ಸಾಮಾನ್ಯವಾಗಿ ಮೊದಲು ಹುಡುಕುವುದು ಆ ಪ್ರೋಗ್ರಾಮ್ ಇರುವ ಫೋಲ್ಡರಿನಲ್ಲಿ, ಸಿಸ್ಟಮ್32ರ ಸರದಿ ಆಮೇಲೆ. ಕೆಲವು ಮೂಲಭೂತ ಡಿಎಲ್‌ಎಲ್‌ಗಳಿಗೆ ಮಾತ್ರ ಈ ಸಾಲಿನಿಂದ ವಿನಾಯಿತಿ. ಇಳಿಸಿಕೊಂಡ ಸೆಟಪ್ ಫೈಲುಗಳನ್ನು ನಾವು ಓಡಿಸುವುದು ಎಲ್ಲಿಂದ? ಡೌನ್‌ಲೋಡ್ಸ್ ಫೋಲ್ಡರಿನಿಂದ. ಅದೇ ಫೋಲ್ಡರಿನಲ್ಲಿ ಎಂದೋ ಇಳಿಸಿ ಮರೆತ ‘ವರ್ಷನ್’ ಎಂಬ ಹೆಸರಿನ ಡಿಎಲ್‌ಎಲ್ ಕೂತಿದ್ದರೆ, ಎಚ್ಚರಿಕೆಯಿಂದ ಬರೆಯದ ಸೆಟಪ್ ಪ್ರೋಗ್ರಾಮ್ ಅಸಲಿಯನ್ನು ಬಿಟ್ಟು ಅದನ್ನೇ ಎತ್ತಿಕೊಳ್ಳಬಹುದು. ಹಾಗಾಗಿ ನಾನು ಪ್ರತಿ ಸೆಟಪ್ಪಿಗೂ ಹೊಸ ಖಾಲಿ ಫೋಲ್ಡರ್ ಮಾಡಿ ಅಲ್ಲಿಂದಲೇ ಓಡಿಸುತ್ತೇನೆ.

ವಿಂಡೋಸ್ 11 ಬಂದ ಮೇಲೆ ‘ಅಪ್ರೈಸರ್‌ರೆಸ್’ ಎಂಬ ಡಿಎಲ್‌ಎಲ್‌ನ ಹೆಸರೂ ಪ್ರಸಿದ್ಧವಾಯಿತು. ಕಂಪ್ಯೂಟರ್ ಹೊಂದುತ್ತದೆಯೇ ಇಲ್ಲವೇ ಎಂದು ನೋಡುವ ವ್ಯವಸ್ಥೆಗೆ ಸೇರಿದ ಫೈಲ್ ಅದು. ಅದನ್ನು ಅಳಿಸಿ ಅಥವಾ ಹಳೆಯದರಿಂದ ಬದಲಿಸಿ ಟಿಪಿಎಂ 2.0 (ಕಂಪ್ಯೂಟರಿನ ಭದ್ರತಾ ಚಿಪ್) ತಪಾಸಣೆ ದಾಟುವ ಉಪಾಯ ಹಬ್ಬಿತು. ವಿಂಡೋಸ್ 10ರ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿದದ್ದರಿಂದ ಹಳೆಯ ಕಂಪ್ಯೂಟರ್ ಇರುವವರ ಚಿಂತೆ ನನಗೆ ಅರ್ಥವಾಗುತ್ತದೆ. ಆದರೂ ಕೆಲಸದ ಕಂಪ್ಯೂಟರಿಗೆ ಇದನ್ನು ನಾನು ಮಾಡಿಕೊಡುವುದಿಲ್ಲ. ಇಂಥ ಯಂತ್ರಗಳಿಗೆ ಅಪ್‌ಡೇಟ್ ಸಿಗುವ ಖಾತರಿ ಇಲ್ಲ ಎಂದು ಮೈಕ್ರೋಸಾಫ್ಟ್ ಹೇಳಿದೆ. ಅಪ್‌ಡೇಟ್‌ಗಾಗಿಯೇ ಹೊಸ ವಿಂಡೋಸ್ ಹಾಕಿ, ಅದೇ ಸಿಗದಿದ್ದರೆ ಪ್ರಯೋಜನವೇನು?

ಇನ್‌ಸ್ಟಾಲ್ ಮುಗಿದ ಮೇಲೆ ಬರುವ ದೂರುಗಳು ಬೇರೆ ಜಾತಿಯವು. ‘ವಿಸಿರನ್‌ಟೈಮ್140’ ಇಲ್ಲ ಎಂದರೆ ವಿಂಡೋಸ್ ಕೆಟ್ಟಿಲ್ಲ. ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಎಂಬ ಪ್ಯಾಕೇಜನ್ನು ಮೈಕ್ರೋಸಾಫ್ಟ್ ತಾಣದಿಂದ ತಂದು, 32 ಮತ್ತು 64 ಬಿಟ್ ಎರಡನ್ನೂ ಹಾಕಿದರೆ ಸರಿಹೋಗುತ್ತದೆ. ವಿಂಡೋಸ್‌ನದೇ ಡಿಎಲ್‌ಎಲ್ ಕೆಟ್ಟಿದ್ದರೆ ಮೊದಲು ಡಿಸ್ಮ್‌ನ ‘ರೆಸ್ಟೋರ್‌ಹೆಲ್ತ್’, ಆಮೇಲೆ ‘ಎಸ್‌ಎಫ್‌ಸಿ ಸ್ಕ್ಯಾನ್‌ನೌ’. ಈ ಕ್ರಮಕ್ಕೆ ಕಾರಣವಿದೆ. ಸಿಸ್ಟಮ್32ರಲ್ಲಿ ಕಾಣುವ ಬಹುಪಾಲು ಫೈಲುಗಳು ‘ವಿನ್‌ಎಸ್‌ಎಕ್ಸ್‌ಎಸ್’ ಎಂಬ ಉಗ್ರಾಣದಲ್ಲಿರುವ ಫೈಲಿಗೇ ಇನ್ನೊಂದು ಹೆಸರು, ಹಾರ್ಡ್ ಲಿಂಕ್. ಎಸ್‌ಎಫ್‌ಸಿ ಸರಿಪಡಿಸುವುದು ಆ ಉಗ್ರಾಣದಿಂದ ತಂದು. ಉಗ್ರಾಣವೇ ಕೆಟ್ಟಿದ್ದರೆ ಅದನ್ನು ಮೊದಲು ಡಿಸ್ಮ್ ರಿಪೇರಿ ಮಾಡಬೇಕು. ಇಂಟರ್ನೆಟ್ ಇಲ್ಲದ ಕಡೆ ಅದೇ ಆವೃತ್ತಿಯ ಇನ್‌ಸ್ಟಾಲ್ ವಿಮ್ ಅನ್ನು ಮೂಲವಾಗಿ ತೋರಿಸಬಹುದು.

ಸೆಟಪ್ ನಿಂತಾಗ ಕೂಡಲೇ ಪವರ್ ಬಟನ್ ಒತ್ತಬೇಡಿ. ಶಿಫ್ಟ್ ಜೊತೆ ಎಫ್10 ಒತ್ತಿದರೆ ಕಮಾಂಡ್ ಪ್ರಾಂಪ್ಟ್ ತೆರೆಯುತ್ತದೆ. ಲಾಗ್‌ಗಳು ‘ಪ್ಯಾಂಥರ್’ ಎಂಬ ಹೆಸರಿನ ಫೋಲ್ಡರಿನಲ್ಲಿರುತ್ತವೆ, ಶುರುವಿನಲ್ಲಿ ಎಕ್ಸ್ ಡ್ರೈವಿನ ವಿಂಡೋಸ್ ಫೋಲ್ಡರಿನೊಳಗೆ, ಡಿಸ್ಕ್ ಸಿದ್ಧವಾದ ಮೇಲೆ ಸಿ ಡ್ರೈವಿನಲ್ಲಿ. ‘ಸೆಟಪ್‌ಎರರ್’ ಲಾಗ್ ಚಿಕ್ಕದು, ಅದನ್ನು ಮೊದಲು ಓದಿ. ಅಲ್ಲಿ ಕಂಡ ಸಮಯವನ್ನು ಹಿಡಿದು ‘ಸೆಟಪ್‌ಆ್ಯಕ್ಟ್’ ಲಾಗ್‌ನಲ್ಲಿ ಅದರ ಹಿಂದಿನ ಸಾಲುಗಳನ್ನು ನೋಡಿ. ಡ್ರೈವರಿನ ತೊಂದರೆ ಎನಿಸಿದರೆ ವಿಂಡೋಸ್‌ನ ಐಎನ್‌ಎಫ್ ಫೋಲ್ಡರಿನ ‘ಸೆಟಪ್‌ಎಪಿಐ ಡೆವ್’ ಲಾಗ್‌ನಲ್ಲಿ ಮೂರು ಆಶ್ಚರ್ಯಸೂಚಕ ಚಿಹ್ನೆಗಳಿರುವ ಸಾಲು ಹುಡುಕಿ, ಎರರ್ ಇರುವುದು ಅಲ್ಲಿ. ಎಕ್ಸ್ ಡ್ರೈವ್ ಇರುವುದು ರ‍್ಯಾಮ್‌ನಲ್ಲಿ. ಕಂಪ್ಯೂಟರ್ ಆರಿಸಿದರೆ ಅದರಲ್ಲಿರುವ ಲಾಗ್‌ಗಳೂ ಅಳಿದುಹೋಗುತ್ತವೆ, ಅದಕ್ಕೆ ಮೊದಲೇ ಪೆನ್‌ಡ್ರೈವಿಗೆ ಕಾಪಿ ಮಾಡಿಟ್ಟುಕೊಳ್ಳಿ.