ಪಿಕ್ಚರ್ ಟ್ಯೂಬಿನ ನಕಲು: ಹಳೆಯ ವಿಡಿಯೋ ಗೇಮ್‌ಗಳ ಶೇಡರ್ ಹೊಂದಾಣಿಕೆ ಬೆಳೆದು ಬಂದ ಬಗೆ

ಶಿವಮೊಗ್ಗದಲ್ಲಾಗಲಿ, ಸಾಗರ ತೀರ್ಥಹಳ್ಳಿಗಳಲ್ಲಾಗಲಿ, ತೊಂಬತ್ತರ ದಶಕದಲ್ಲಿ ಟಿವಿಗೆ ಸಿಕ್ಕಿಸಿ ವಿಡಿಯೋ ಗೇಮ್ ಆಡುತ್ತ ಬೆಳೆದವರು ಅದೇ ಆಟಗಳನ್ನು ಇಂದು ಮೊಬೈಲಿನಲ್ಲೋ ಲ್ಯಾಪ್‌ಟಾಪಿನಲ್ಲೋ ಎಮ್ಯುಲೇಟರ್ (ಹಳೆಯ ಗೇಮ್ ಯಂತ್ರದಂತೆ ವರ್ತಿಸುವ ತಂತ್ರಾಂಶ) ಮೂಲಕ ತೆರೆದಾಗ, ಆಟ ಅದೇ ಆದರೂ ಚಿತ್ರ ಅದಲ್ಲ ಎನ್ನುವುದುಂಟು. ಅಂಚುಗಳು ಮೆಟ್ಟಿಲು ಮೆಟ್ಟಿಲಾಗಿ ಕಾಣುತ್ತವೆ, ಬಣ್ಣಗಳು ಕಣ್ಣಿಗೆ ಹೊಡೆಯುತ್ತವೆ, ಮುಖಗಳು ಬಣ್ಣದ ಚೌಕಗಳ ಗುಂಪಾಗಿಬಿಟ್ಟಿರುತ್ತವೆ. ಇದನ್ನು ಸರಿಪಡಿಸಲೆಂದು ಎಮ್ಯುಲೇಟರಿನ ಮೆನುವಿನಲ್ಲಿ ಶೇಡರ್ (ಪರದೆಯ ಚಿತ್ರವನ್ನು ಮಾರ್ಪಡಿಸುವ ಪುಟ್ಟ ಪ್ರೋಗ್ರಾಂ) ಎಂಬ ವಿಭಾಗವಿರುತ್ತದೆ. ತೆರೆದರೆ ನೂರಾರು ಹೆಸರುಗಳು, ಒಂದೊಂದರ ಒಳಗೂ ಹತ್ತಾರು ಸಂಖ್ಯೆಗಳು. ಈ ಸಂಖ್ಯೆಗಳನ್ನು ಅಂದಾಜಿನ ಮೇಲೆ ತಿರುಗಿಸುತ್ತ ಕೂರುವುದಕ್ಕಿಂತ ಅವು ಯಾವುದರ ನಕಲು ಎಂಬುದನ್ನು ತಿಳಿದುಕೊಂಡರೆ ಕೆಲಸ ಬೇಗ ಮುಗಿಯುತ್ತದೆ. ಅವು ನಕಲು ಮಾಡುವುದು ಎರಡು ಬೇರೆ ಬೇರೆ ವಸ್ತುಗಳನ್ನು: ಒಂದು ಹಳೆಯ ಟಿವಿಯ ಪಿಕ್ಚರ್ ಟ್ಯೂಬು (ಸಿಆರ್‌ಟಿ), ಇನ್ನೊಂದು ಅಲ್ಲಿಗೆ ಚಿತ್ರವನ್ನು ಮುಟ್ಟಿಸುತ್ತಿದ್ದ ವೈರು. ಬಹುಪಾಲು ಗೊಂದಲ ಹುಟ್ಟುವುದು ಇವೆರಡನ್ನೂ ಒಂದೇ ಎಂದುಕೊಳ್ಳುವುದರಿಂದ.

ಮೊದಲು ಟ್ಯೂಬಿನ ವಿಷಯ. ಅದರ ಹಿಂಭಾಗದ ಗನ್ನಿನಿಂದ ಹೊರಟ ಎಲೆಕ್ಟ್ರಾನ್ ಕಿರಣ, ಗಾಜಿನ ಒಳಮೈಗೆ ಬಳಿದ ಫಾಸ್ಫರನ್ನು ಎಡದಿಂದ ಬಲಕ್ಕೆ, ಮೇಲಿನಿಂದ ಕೆಳಕ್ಕೆ ಸಾಲುಸಾಲಾಗಿ ಬೆಳಗಿಸುತ್ತ ಹೋಗುತ್ತಿತ್ತು. ಟಿವಿ ಪ್ರಸಾರಕ್ಕೆ ಭಾರತ ಅನುಸರಿಸಿದ ಪಾಲ್ ಪದ್ಧತಿಯಲ್ಲಿ ಒಂದು ಪೂರ್ಣ ಚಿತ್ರಕ್ಕೆ 625 ಸಾಲುಗಳಿದ್ದು, ಬೆಸ ಸಾಲುಗಳನ್ನು ಒಮ್ಮೆ, ಸರಿ ಸಾಲುಗಳನ್ನು ಇನ್ನೊಮ್ಮೆ ಎಂದು ಎರಡು ಕಂತುಗಳಲ್ಲಿ, ಸೆಕೆಂಡಿಗೆ 50 ಕಂತುಗಳಂತೆ ಬಿಡಿಸಲಾಗುತ್ತಿತ್ತು. ಅಮೆರಿಕ ಮತ್ತು ಜಪಾನಿನ ಎನ್‌ಟಿಎಸ್‌ಸಿ ಪದ್ಧತಿಯಲ್ಲಿ 525 ಸಾಲು, ಸೆಕೆಂಡಿಗೆ ಸುಮಾರು 60 ಕಂತು. ಆ ಕಾಲದ ಗೇಮ್ ಯಂತ್ರಗಳು ಈ ಸರಿ-ಬೆಸದ ಏರ್ಪಾಟನ್ನು ಕೈಬಿಟ್ಟು, ಪ್ರತಿ ಸಲವೂ ಅದೇ ಸಾಲುಗಳ ಮೇಲೆಯೇ ಚಿತ್ರ ಬೀಳುವಂತೆ ಸಂಕೇತ ಕಳಿಸುತ್ತಿದ್ದವು. ಹಾಗಾಗಿ ನಡುವಿನ ಸಾಲುಗಳು ಬೆಳಗದೆ ಕಪ್ಪಾಗಿಯೇ ಉಳಿಯುತ್ತಿದ್ದವು. ಸ್ಕ್ಯಾನ್‌ಲೈನ್ ಶೇಡರ್‌ಗಳು ಎಳೆಯುವ ಕಪ್ಪು ಗೆರೆಗಳು ಇವೇ. ಆದರೆ ಕಿರಣ ಪ್ರಖರವಾದಷ್ಟೂ ಅದು ಬೀಳುವ ಜಾಗ ಹಿಗ್ಗುತ್ತದೆ: ಬಿಳಿಯ ಭಾಗದಲ್ಲಿ ಸಾಲುಗಳು ದಪ್ಪವಾಗಿ ಕಪ್ಪು ಗೆರೆ ಬಹುತೇಕ ಮುಚ್ಚಿಹೋಗುತ್ತದೆ, ಕಡುಬಣ್ಣದಲ್ಲಿ ಎದ್ದು ಕಾಣುತ್ತದೆ. ಎಲ್ಲೆಡೆ ಒಂದೇ ದಪ್ಪದ ಪಟ್ಟಿ ಎಳೆದುಬಿಡುವ ಸರಳ ಶೇಡರುಗಳಲ್ಲಿ ಆಟವನ್ನು ಕಿಟಕಿಯ ಸರಳುಗಳ ಹಿಂದಿನಿಂದ ನೋಡಿದಂತಾಗುವುದು ಇದೇ ಕಾರಣಕ್ಕೆ. ಇದಲ್ಲದೆ ಗಾಜಿನ ಹಿಂದೆ ಸಣ್ಣ ತೂತುಗಳ ಲೋಹದ ಹಾಳೆಯೊಂದಿದ್ದು, ಕೆಂಪು, ಹಸಿರು, ನೀಲಿ ಕಿರಣಗಳು ತಂತಮ್ಮ ಫಾಸ್ಫರಿನ ಮೇಲೆ ಮಾತ್ರ ಬೀಳುವಂತೆ ನೋಡಿಕೊಳ್ಳುತ್ತಿತ್ತು. ಸೋನಿ 1968ರಲ್ಲಿ ತಂದ ಟ್ರಿನಿಟ್ರಾನ್‌ನಲ್ಲಿ ತೂತುಗಳ ಬದಲು ಲಂಬವಾದ ಸೀಳುಗಳಿದ್ದವು. ಶೇಡರ್ ಮೆನುವಿನ ‘ಮಾಸ್ಕ್’ ಎಂಬ ಆಯ್ಕೆಗಳೆಲ್ಲ ಈ ಹಾಳೆಯ ಬಗೆಗಳು.

ಇನ್ನು ವೈರು. ಭಾರತದಲ್ಲಿ ಬಣ್ಣದ ಪ್ರಸಾರ 1982ರಲ್ಲಿ ಶುರುವಾಯಿತು. ಮಲೆನಾಡಿನ ಮನೆಗಳಲ್ಲಿ ಟಿವಿ ನೋಡುವುದೆಂದರೆ ಅಡಿಕೆ ಮರಕ್ಕೋ ಮನೆ ಹಿಂದಿನ ದಿಬ್ಬದ ಬಿದಿರಿಗೋ ಕಟ್ಟಿದ ಆಂಟೆನಾವನ್ನು ಒಬ್ಬರು ತಿರುಗಿಸುವುದು, ಒಳಗಿನಿಂದ ಇನ್ನೊಬ್ಬರು ‘ಬಂತು, ಬಂತು, ಹೋಯ್ತು’ ಎಂದು ಕೂಗುವುದು. ಗುಡ್ಡಕ್ಕೆ ಬಡಿದು ತುಸು ತಡವಾಗಿ ಬಂದ ಸಂಕೇತದಿಂದ ಪ್ರತಿ ಆಕೃತಿಯ ಬಲಕ್ಕೆ ಅದರದೇ ಮಸುಕು ನೆರಳು ಬೀಳುತ್ತಿತ್ತು. ವಿಡಿಯೋ ಗೇಮ್‌ಗೆ ಗುಡ್ಡದ ಈ ಕಾಟವಿರಲಿಲ್ಲ, ಏಕೆಂದರೆ ಅದರ ಸಂಕೇತ ಬರುತ್ತಿದ್ದುದು ಆಕಾಶದಿಂದಲ್ಲ, ವೈರಿನಿಂದ. ನಿಂಟೆಂಡೊ 1983ರಲ್ಲಿ ಜಪಾನಿನಲ್ಲಿ ಬಿಡುಗಡೆ ಮಾಡಿದ ಫ್ಯಾಮಿಕಾಮ್ ಯಂತ್ರದ ಅಗ್ಗದ ನಕಲುಗಳು ನಮ್ಮ ಪೇಟೆಗಳಲ್ಲಿ ಮಾರಾಟವಾಗುತ್ತಿದ್ದವು. ಅವುಗಳಿಗೆ ‘ಕ್ಯಾಸೆಟ್’ ಹಾಕಿ, ಆಂಟೆನಾ ವೈರನ್ನು ಕಿತ್ತು ಅದೇ ಜಾಗಕ್ಕೆ ಗೇಮಿನ ಪಿನ್ ಸಿಕ್ಕಿಸಿ, ಖಾಲಿ ಚಾನೆಲ್ಲೊಂದನ್ನು ಟ್ಯೂನ್ ಮಾಡಬೇಕಿತ್ತು. ಯಂತ್ರದೊಳಗೆ ಚಿತ್ರ ಮತ್ತು ಸದ್ದು ಎರಡನ್ನೂ ಟಿವಿ ಚಾನೆಲ್ಲಿನ ತರಂಗವಾಗಿ ಬದಲಾಯಿಸಿ ಕಳಿಸುವ ಸಣ್ಣ ಡಬ್ಬಿಯಿರುತ್ತಿತ್ತು. ಪಿನ್ ಸಡಿಲವಾದರೆ ಪರದೆ ತುಂಬ ಕಾಳು. ಸರಿಯಾಗಿ ಕೂತಾಗಲೂ, ಬೆಳಕಿನ ಮಾಹಿತಿ ಮತ್ತು ಬಣ್ಣದ ಮಾಹಿತಿ ಒಂದೇ ವೈರಿನಲ್ಲಿ ಬೆರೆತು ಬರುತ್ತಿದ್ದುದರಿಂದ, ಟಿವಿಯು ಅವನ್ನು ಪೂರ್ತಿಯಾಗಿ ಬೇರ್ಪಡಿಸಲಾಗದೆ ಕೆಂಪು, ನೀಲಿಯಂಥ ಬಣ್ಣಗಳು ಅಂಚು ದಾಟಿ ಹರಡುತ್ತಿದ್ದವು.

ಈ ಹರಡುವಿಕೆಯನ್ನು ದೋಷವೆಂದಷ್ಟೇ ಎಣಿಸಿದರೆ ಆ ಆಟಗಳ ಚಿತ್ರಕಾರರಿಗೆ ಅನ್ಯಾಯ ಮಾಡಿದಂತೆ. ಸೆಗಾ ಕಂಪನಿಯ 1991ರ ‘ಸೋನಿಕ್ ದಿ ಹೆಡ್ಜ್‌ಹಾಗ್’ ಆಟದ ಮೊದಲ ಹಂತದಲ್ಲೇ ಬರುವ ಜಲಪಾತವನ್ನು ಗಮನಿಸಬಹುದು. ಆ ಆಟ ಓಡುತ್ತಿದ್ದ ಸೆಗಾದ ಮೆಗಾ ಡ್ರೈವ್ ಯಂತ್ರಕ್ಕೆ ಒಂದು ಚಿತ್ರದ ಮೂಲಕ ಇನ್ನೊಂದನ್ನು ಅರೆಪಾರದರ್ಶಕವಾಗಿ ತೋರಿಸುವ ಸುಲಭ ದಾರಿಯಿರಲಿಲ್ಲ. ಆದ್ದರಿಂದ ನೀರನ್ನು ಒಂದು ಕಂಬ ಬಿಟ್ಟು ಒಂದು ಕಂಬದಂತೆ ಪಿಕ್ಸೆಲ್‌ಗಳ ಲಂಬ ಪಟ್ಟಿಗಳಾಗಿ ಬರೆದು, ನಡುವಿನ ಕಂಬಗಳನ್ನು ಖಾಲಿ ಬಿಡಲಾಯಿತು. ಸಾಲೊಂದಕ್ಕೆ 320 ಪಿಕ್ಸೆಲ್‌ಗಳಿರುವ ಆ ಚಿತ್ರದ ಇಷ್ಟು ಸೂಕ್ಷ್ಮವಾದ ಏರಿಳಿತವನ್ನು ಸಾಮಾನ್ಯ ವಿಡಿಯೋ ವೈರು ಬಿಡಿಬಿಡಿಯಾಗಿ ಸಾಗಿಸಲಾರದೆ ಬೆರೆಸಿಬಿಡುತ್ತಿತ್ತು; ನೋಡುವವರಿಗೆ ಹಿಂದಿನ ಬಂಡೆ ಕಾಣುವ ತೆಳು ನೀರಿನ ಪರದೆ ಸಿಗುತ್ತಿತ್ತು. ಎಮ್ಯುಲೇಟರಿನಲ್ಲಿ ಅದೇ ಜಲಪಾತ ಪಟ್ಟೆಪಟ್ಟೆಯ ಬಟ್ಟೆಯಾಗಿದೆ. ಹೆಚ್ಚಿನವರು ಎಡವುವುದು ಮುಂದಿನ ಹೆಜ್ಜೆಯಲ್ಲಿ: ಪಟ್ಟಿಗಳು ಹೋಗಲೆಂದು ಪಿಕ್ಚರ್ ಟ್ಯೂಬಿನ ಶೇಡರ್ ಹಾಕುತ್ತಾರೆ, ಆದರೆ ಪಟ್ಟಿ ಹೋಗುವುದಿಲ್ಲ. ಏಕೆಂದರೆ ಪಟ್ಟಿಗಳನ್ನು ಬೆರೆಸಿದ್ದು ಟ್ಯೂಬಲ್ಲ, ವೈರು. ಮೂರು ಬಣ್ಣಗಳಿಗೂ ಬೇರೆ ಬೇರೆ ತಂತಿಯಿರುವ ಆರ್‌ಜಿಬಿ ಕೇಬಲ್ ಹಾಕಿದರೆ ಅಸಲಿ ಟ್ಯೂಬಿನ ಮೇಲೂ ಆ ಪಟ್ಟಿಗಳು ಕಾಣುತ್ತವೆ.

ಎಮ್ಯುಲೇಟರ್‌ಗಳು ಜನಪ್ರಿಯವಾದದ್ದು 1997ರ ಆಸುಪಾಸಿನಲ್ಲಿ; ನೆಸ್ಟಿಕಲ್, ಮೇಮ್ ಎರಡೂ ಆ ವರ್ಷ ಬಂದವು. ಆಗ ಕಂಪ್ಯೂಟರಿನ ಮಾನಿಟರೂ ಪಿಕ್ಚರ್ ಟ್ಯೂಬೇ ಆಗಿತ್ತು, ಆದರೆ ವಿಜಿಎ ಮಾನಿಟರ್‌ಗಳಲ್ಲಿ ಇಂಥ ಕಡಿಮೆ ಸಾಲಿನ ಚಿತ್ರದ ಪ್ರತಿ ಸಾಲೂ ಎರಡೆರಡು ಬಾರಿ ಮೂಡುತ್ತಿದ್ದುದರಿಂದ ಕಪ್ಪು ಗೆರೆ ಮಾಯವಾಗಿ ಪಿಕ್ಸೆಲ್ ಚೌಕವಾಗಿ ಎದ್ದು ಕಂಡಿತು. ಮನೆಯ ಟಿವಿಯಲ್ಲಿ ಆಡಿದವರು ಯಾರೂ ಹಿಂದೆ ಕಂಡಿರದಿದ್ದ ಆ ಚೌಕ, ಹಳೆಯ ಆಟಗಳ ಗುರುತೇ ಆಗಿಹೋದದ್ದು ವಿಚಿತ್ರ. ಚೌಕಗಳನ್ನು ಮರೆಮಾಡಲು ಮೊದಲು ಬಂದವು ನುಣುಪು ಮಾಡುವ ಫಿಲ್ಟರ್‌ಗಳು: ಆಂಡ್ರಿಯಾ ಮಜೋಲೆನಿಯವರ 2001ರ ಸ್ಕೇಲ್2ಎಕ್ಸ್, ಮ್ಯಾಕ್ಸಿಮ್ ಸ್ಟೆಪಿನ್ ಅವರ 2003ರ ಎಚ್‌ಕ್ಯೂ2ಎಕ್ಸ್ ಇತ್ಯಾದಿ. ಅಕ್ಕಪಕ್ಕದ ಪಿಕ್ಸೆಲ್‌ಗಳನ್ನು ಹೋಲಿಸಿ ಓರೆ ಗೆರೆಯನ್ನು ಊಹಿಸಿ ತುಂಬುವ ಇವುಗಳ ಹಿಂದಿನ ಲೆಕ್ಕಾಚಾರ ಜಾಣತನದ್ದೇ, ಆದರೆ ಫಲಿತಾಂಶ ನನಗಂತೂ ರುಚಿಸದು. ಮುಖಗಳು ಕರಗಿದ ಪ್ಲಾಸ್ಟಿಕ್ ಗೊಂಬೆಗಳಂತಾಗುತ್ತವೆ.

ಈ ಫಿಲ್ಟರ್‌ಗಳೆಲ್ಲ ಕಂಪ್ಯೂಟರಿನ ಮುಖ್ಯ ಪ್ರೊಸೆಸರಿನ ಮೇಲೆ ಓಡುತ್ತಿದ್ದವು. ಗ್ರಾಫಿಕ್ಸ್ ಚಿಪ್ಪಿಗೇ ಪುಟ್ಟ ಪ್ರೋಗ್ರಾಂ ಬರೆದುಕೊಡುವ ಅನುಕೂಲ 2001ರಲ್ಲಿ ಬಂದ ಎನ್‌ವಿಡಿಯಾ ಕಂಪನಿಯ ಜಿಫೋರ್ಸ್ 3 ಗ್ರಾಫಿಕ್ಸ್ ಚಿಪ್ಪಿನ ಕಾಲದಿಂದ ಸಾಮಾನ್ಯ ಬಳಕೆದಾರರಿಗೂ ಸಿಗತೊಡಗಿತು. ಪರದೆಯ ಪ್ರತಿಯೊಂದು ಬಿಂದುವಿಗೂ ಒಮ್ಮೆ ಓಡಿ ಆ ಬಿಂದುವಿನ ಬಣ್ಣವೇನೆಂದು ನಿರ್ಧರಿಸುವ ಅಂಥ ಪ್ರೋಗ್ರಾಮೇ ಶೇಡರ್. ಎನ್‌ಟಿಎಸ್‌ಸಿ ಸಂಕೇತವನ್ನು ಲೆಕ್ಕ ಹಾಕಿ ತೋರಿಸುವ ಫಿಲ್ಟರ್ 2000ದ ದಶಕದ ನಡುವಿನಲ್ಲೇ ಬಂದಿದ್ದರೂ, ಟ್ಯೂಬಿನ ಬಾಗು, ಮಾಸ್ಕು, ಕಿರಣದ ಹಿಗ್ಗುವಿಕೆ ಎಲ್ಲವನ್ನೂ ಒಟ್ಟಿಗೆ ಮಾಡುವುದು ಗ್ರಾಫಿಕ್ಸ್ ಚಿಪ್ಪಿನಿಂದಲೇ ಸಾಧ್ಯವಾಯಿತು. 2010ರಲ್ಲಿ ಎಸ್‌ಎಸ್‌ಎನ್‌ಇಎಸ್ ಎಂಬ ಹೆಸರಿನಲ್ಲಿ ಆರಂಭವಾಗಿ 2012ರಲ್ಲಿ ರೆಟ್ರೋಆರ್ಚ್ ಆದ ತಂತ್ರಾಂಶ ಇಂಥ ಶೇಡರ್‌ಗಳಿಗೆ ನೆಲೆಯಾಯಿತು. ಮೊದಲು ಎನ್‌ವಿಡಿಯಾದ ಸಿಜಿ ಭಾಷೆಯಲ್ಲಿ ಬರೆಯುತ್ತಿದ್ದರು. ಕಂಪನಿ 2012ರಲ್ಲಿ ಅದನ್ನು ಕೈಬಿಟ್ಟಿತು, 2016ರಿಂದ ವಲ್ಕನ್ ಎಂಬ ಗ್ರಾಫಿಕ್ಸ್ ವ್ಯವಸ್ಥೆಯನ್ನು ಆಧರಿಸಿದ ಸ್ಲ್ಯಾಂಗ್ ಎಂಬ ಶೇಡರ್ ಮಾದರಿ ಬಂತು. ಹಳೆಯ ಸಲಹೆಗಳಲ್ಲಿ ಕಾಣುವ ಫೈಲ್ ಹೆಸರುಗಳು ಇಂದಿನ ಮೆನುವಿನಲ್ಲಿ ಸಿಗದಿರುವುದು ಈ ವಲಸೆಗಳಿಂದಾಗಿ.

ಹೊಂದಾಣಿಕೆಯ ಕೆಲಸ ಶೇಡರಿನಿಂದಲ್ಲ, ಚಿತ್ರದ ಗಾತ್ರದಿಂದ ಶುರುವಾಗಬೇಕು. 240 ಸಾಲಿನ ಆಟವನ್ನು 1080 ಸಾಲಿನ ಪರದೆಗೆ ಹಿಗ್ಗಿಸಿದರೆ ಒಂದೊಂದು ಸಾಲಿಗೂ ನಾಲ್ಕೂವರೆ ಸಾಲು ಬರುತ್ತದೆ. ಅರ್ಧ ಸಾಲು ಎಂಬುದು ಪರದೆಯಲ್ಲಿಲ್ಲ. ಹಾಗಾಗಿ ಕಪ್ಪು ಗೆರೆಗಳು ಒಂದು ದಪ್ಪ, ಒಂದು ತೆಳು ಎಂದು ಅಲೆಅಲೆಯಾಗಿ ಕಾಣುತ್ತವೆ. ‘ಇಂಟೀಜರ್ ಸ್ಕೇಲ್’ ಆಯ್ಕೆ ಮಾಡಿ ನಾಲ್ಕು ಪಟ್ಟು ಹಿಗ್ಗಿಸಿ, ಅಂದರೆ 960 ಸಾಲಿಗೆ ನಿಲ್ಲಿಸಿದರೆ ಮೇಲೆ ಕೆಳಗೆ ಅಷ್ಟಿಷ್ಟು ಜಾಗ ಖಾಲಿ ಉಳಿದರೂ ಗೆರೆಗಳು ಸಮವಾಗುತ್ತವೆ. 4ಕೆ ಪರದೆಯ 2160 ಸಾಲು 240ರ ಸರಿಯಾಗಿ ಒಂಬತ್ತು ಪಟ್ಟು ಎಂಬುದು ಅದೃಷ್ಟ. ಹಳೆಯ ಲ್ಯಾಪ್‌ಟಾಪ್‌ಗಳ 768 ಸಾಲಿನ ಪರದೆಯಲ್ಲಿ ಮೂರು ಪಟ್ಟು ಮಾತ್ರ ಹಿಡಿಯುವುದರಿಂದ ಅಲ್ಲಿ ಮಾಸ್ಕಿನ ಆಸೆ ಬಿಟ್ಟು ಗೆರೆಗಳಿಗಷ್ಟೇ ತೃಪ್ತರಾಗುವುದು ಲೇಸು.

ಎರಡನೆಯದು ಬೆಳಕು. ಪರದೆಯ ಸಾಕಷ್ಟು ಭಾಗವನ್ನು ಕಪ್ಪು ಮಾಡಿದ ಮೇಲೆ ಚಿತ್ರ ಮಂಕಾಗದೆ ಇರುವುದಿಲ್ಲ. ಪ್ರತಿ ಬಿಂದುವಿಗೂ ಒಂದೇ ಬಣ್ಣ ಬಿಡುವ ಕಟ್ಟುನಿಟ್ಟಿನ ಮಾಸ್ಕು ಬೆಳಕಿನ ಮೂರರಲ್ಲಿ ಒಂದು ಪಾಲನ್ನಷ್ಟೇ ಉಳಿಸುತ್ತದೆ. ಟಿಮೊಥಿ ಲಾಟ್ಸ್ ಬರೆದು ಸಾರ್ವಜನಿಕ ಬಳಕೆಗೆ ಬಿಟ್ಟ ಸಿಆರ್‌ಟಿ-ಲಾಟ್ಸ್ ಶೇಡರನ್ನು ತೆರೆದು ನೋಡಿದರೆ ಈ ಸಮಸ್ಯೆಗೆ ಅವರು ಕಂಡುಕೊಂಡ ದಾರಿ ತಿಳಿಯುತ್ತದೆ: ‘ಮಾಸ್ಕ್‌ಡಾರ್ಕ್’ 0.5, ‘ಮಾಸ್ಕ್‌ಲೈಟ್’ 1.5 ಎಂದು ಇಟ್ಟಿದ್ದಾರೆ. ಮೂರು ಬಣ್ಣಗಳಲ್ಲಿ ಎರಡನ್ನು ಅರ್ಧಕ್ಕಿಳಿಸಿ ಒಂದನ್ನು ಒಂದೂವರೆ ಪಟ್ಟು ಏರಿಸಿದಾಗ ಸರಾಸರಿ 0.83 ಆಗುವುದರಿಂದ ಮಾಸ್ಕಿನ ಜಾಲರಿ ಕಂಡರೂ ಬೆಳಕು ಹೆಚ್ಚೇನೂ ಸೋರುವುದಿಲ್ಲ. ಅದರಲ್ಲೇ ‘ಹಾರ್ಡ್‌ಸ್ಕ್ಯಾನ್’ ಮೈನಸ್ 8ರಲ್ಲಿರುತ್ತದೆ. ಸೊನ್ನೆಯ ಕಡೆಗೆ ತಂದಷ್ಟೂ ಸಾಲುಗಳು ದಪ್ಪವಾಗಿ ಒಂದರೊಳಗೊಂದು ಬೆರೆಯುತ್ತವೆ. ಬಾಗನ್ನು ನಿರ್ಧರಿಸುವ ‘ವಾರ್ಪ್’ ಸಂಖ್ಯೆಗಳು ಅಡ್ಡಕ್ಕೆ 0.031, ಉದ್ದಕ್ಕೆ 0.041. ಇವೆರಡನ್ನೂ ಸೊನ್ನೆ ಮಾಡುವುದು ನನ್ನ ಮೊದಲ ಕೆಲಸ, ಏಕೆಂದರೆ ಬಾಗಿದ ಸಾಲುಗಳು ಪರದೆಯ ನೇರ ಸಾಲುಗಳೊಂದಿಗೆ ಹೊಂದದೆ ಸಣ್ಣ ಪರದೆಯಲ್ಲಿ ಬೇಡದ ಅಲೆಗಳು ಮೂಡುತ್ತವೆ. ರೆಟ್ರೋಆರ್ಚ್‌ಗೆ 2022ರಲ್ಲಿ ಸೇರಿದ ಎಚ್‌ಡಿಆರ್ (ಪರದೆಯ ಹೆಚ್ಚಿನ ಪ್ರಖರತೆಯನ್ನು ಬಳಸಿಕೊಳ್ಳುವ) ಸೌಲಭ್ಯ, ಅದಕ್ಕೆ ತಕ್ಕ ಪರದೆಯಿದ್ದವರಿಗೆ ಬೆಳಕಿನ ಈ ಕೊರತೆಯನ್ನು ಬಹಳಷ್ಟು ನೀಗಿಸಿತು.

ಶೇಡರ್‌ಗಳ ಭಾರವೂ ಒಂದೇ ಸಮನಲ್ಲ. 2014ರ ಸಿಆರ್‌ಟಿ-ರಾಯಲ್ ಒಂದರ ಮೇಲೊಂದು ಹಲವು ಹಂತಗಳಲ್ಲಿ ಚಿತ್ರವನ್ನು ಸಂಸ್ಕರಿಸುತ್ತದೆ. ಸಾಧಾರಣ ಮೊಬೈಲಿನಲ್ಲಿ ಅದನ್ನು ಹಾಕಿದರೆ ಆಟ ತಡವರಿಸುತ್ತದೆ, ಫೋನು ಬಿಸಿಯಾಗುತ್ತದೆ. ರಾಸ್ಪ್‌ಬೆರಿ ಪೈ ಎಂಬ ಪುಟ್ಟ ಕಂಪ್ಯೂಟರಿಗೆಂದು ಬರೆದ ಸಿಆರ್‌ಟಿ-ಪೈ, ಅಥವಾ ಜಡ್‌ಫಾಸ್ಟ್ ಎಂಬ ಹಗುರ ಶೇಡರ್ ಅಂಥ ಕಡೆ ಸಾಕು. ಹೊಂದಿಸಿದ್ದನ್ನು ಆಟಕ್ಕೊಂದು, ಫೋಲ್ಡರಿಗೊಂದು, ಯಂತ್ರಕ್ಕೊಂದು, ಒಟ್ಟಾರೆಯಾಗಿ ಒಂದು ಎಂದು ಬೇರೆ ಬೇರೆಯಾಗಿ ಉಳಿಸಬಹುದು. ಇದನ್ನು ಬಳಸದೆ ಎಲ್ಲಕ್ಕೂ ಒಂದನ್ನೇ ಹಚ್ಚಿದರೆ, ಕೈಯಲ್ಲೇ ಹಿಡಿದು ಆಡುತ್ತಿದ್ದ, ಟಿವಿಗೆಂದು ಮಾಡಿರದ ಗೇಮ್ ಬಾಯ್ ಯಂತ್ರದ ಆಟಗಳ ಮೇಲೂ ಟಿವಿಯ ಗೆರೆಗಳು ಬೀಳುತ್ತವೆ. 2001ರ ಗೇಮ್ ಬಾಯ್ ಅಡ್ವಾನ್ಸ್‌ನ ಪರದೆಗೆ ಹಿಂಬೆಳಕಿರಲಿಲ್ಲವಾದ್ದರಿಂದ ಅದರ ಆಟಗಳಿಗೆ ಬಣ್ಣವನ್ನು ಬೇಕೆಂದೇ ಗಾಢವಾಗಿ ತುಂಬುತ್ತಿದ್ದರು. ಅಲ್ಲಿ ಬೇಕಾದದ್ದು ಬಣ್ಣವನ್ನು ತಗ್ಗಿಸುವ ಶೇಡರ್ ಮಾತ್ರ.

ಈಗ ಉಳಿಯುವುದು ಯಾರ ಟಿವಿಯನ್ನು ನಕಲು ಮಾಡಬೇಕು ಎಂಬ ಪ್ರಶ್ನೆ. ಹೆಸರುವಾಸಿಯಾದ ಸಿದ್ಧ ಹೊಂದಾಣಿಕೆಗಳು ಬಹುಮಟ್ಟಿಗೆ ಅಮೆರಿಕ, ಜಪಾನಿನ ಎನ್‌ಟಿಎಸ್‌ಸಿ ಚಿತ್ರವನ್ನೋ, ಸ್ಟುಡಿಯೋಗಳಲ್ಲಿ ಬಳಸುತ್ತಿದ್ದ ದುಬಾರಿ ಮಾನಿಟರನ್ನೋ ಆದರ್ಶವಾಗಿ ಇಟ್ಟುಕೊಂಡಿವೆ. ತೀರ್ಥಹಳ್ಳಿಯ ಮನೆಯ ಟಿವಿ ಅದಾಗಿರಲಿಲ್ಲ. ಪಾಲ್ ಪದ್ಧತಿಯಲ್ಲಿ ಬಣ್ಣದ ಸಂಕೇತದ ಒಂದು ಭಾಗ ಸಾಲಿನಿಂದ ಸಾಲಿಗೆ ತಿರುವು ಪಡೆಯುತ್ತಿದ್ದು, ಟಿವಿಯು ಎರಡು ಸಾಲುಗಳ ಬಣ್ಣವನ್ನು ಸರಾಸರಿ ಮಾಡುತ್ತಿತ್ತು. ದೋಷವಿದ್ದರೆ ಬಣ್ಣ ಬದಲಾಗುವ ಬದಲು ಸ್ವಲ್ಪ ಪೇಲವವಾಗುತ್ತಿತ್ತು. ಅಮೆರಿಕದ ಟಿವಿಗಳಲ್ಲಿದ್ದ ವರ್ಣ ತಿದ್ದುವ ಗುಂಡಿಯ ಅಗತ್ಯ ನಮಗೆ ಬೀಳದಿದ್ದುದು ಇದರಿಂದ. ಜೊತೆಗೆ ಪಾಲ್‌ಗೆಂದೇ ತಯಾರಾದ ಯಂತ್ರಗಳಲ್ಲಿ ಕಾಣುವ ಸಾಲುಗಳು ಸುಮಾರು 288 ಇರುವಾಗ ಆಟ 240ನ್ನಷ್ಟೇ ತುಂಬುತ್ತಿದ್ದುದರಿಂದ ಮೇಲೆ ಕೆಳಗೆ ಕಪ್ಪು ಪಟ್ಟಿ ಉಳಿದು ಚಿತ್ರ ಚಪ್ಪಟೆಯಾಗಿ ಕಾಣುತ್ತಿತ್ತು, ಮತ್ತು 60ರ ಲೆಕ್ಕಕ್ಕೆ ಬರೆದ ಆಟ 50ರಲ್ಲಿ ಆರರಲ್ಲೊಂದು ಪಾಲು ನಿಧಾನವಾಗಿ ಓಡುತ್ತಿತ್ತು. ವೇಗವನ್ನು ಹಾಗೆ ತಗ್ಗಿಸಿಕೊಂಡು ಆಡಬೇಕೆಂದು ನಾನು ಹೇಳಲಾರೆ, ಆದರೆ ಸ್ಲ್ಯಾಂಗ್ ಶೇಡರ್‌ಗಳ ನಡುವೆ ಪಾಲ್ ಎಂಬ ಪ್ರತ್ಯೇಕ ಫೋಲ್ಡರ್ ಇರುವುದನ್ನು ನಮ್ಮವರು ಗಮನಿಸಬೇಕು. ಮೊದಲು ಅದರಿಂದ ವೈರಿನ ಹಂತ, ಅದರ ಮೇಲೆ ಮಿತವಾದ ಗೆರೆಗಳ ಟ್ಯೂಬಿನ ಹಂತ, ಈ ಕ್ರಮದಲ್ಲಿ ಪೇರಿಸಿದರೆ ನೆನಪಿನ ಚಿತ್ರಕ್ಕೆ ತೀರ ಹತ್ತಿರ ಬರುತ್ತದೆ. ಕ್ರಮ ತಿರುವುಮುರುವಾದರೆ ಗೆರೆಗಳ ಮೇಲೆಯೇ ಬಣ್ಣ ಹರಡಿ ಎಲ್ಲವೂ ಕಲಸಿಹೋಗುತ್ತದೆ.

ಚಲನೆಯ ನಕಲು ಇನ್ನೂ ಹೊಸದು. ಟ್ಯೂಬಿನ ಮೇಲೆ ಪ್ರತಿ ಬಿಂದುವೂ ಕ್ಷಣಮಾತ್ರ ಬೆಳಗಿ ಆರುತ್ತಿತ್ತು. ಎಲ್‌ಸಿಡಿ ಒಂದೊಂದು ಚಿತ್ರವನ್ನೂ ಮುಂದಿನದು ಬರುವವರೆಗೆ ಹಿಡಿದಿಡುವುದರಿಂದ ಓಡುವ ಆಕೃತಿ ಕಣ್ಣಿಗೆ ಕದಡಿದಂತೆ ಕಾಣುತ್ತದೆ. ಲಾಟ್ಸ್ ಮತ್ತು ಮಾರ್ಕ್ ರೆಜಾನ್ 2024ರ ಡಿಸೆಂಬರಿನಲ್ಲಿ ಬಿಡುಗಡೆ ಮಾಡಿದ ಶೇಡರ್ ಕಿರಣದ ಈ ಓಟವನ್ನೇ ಅನುಕರಿಸುತ್ತದೆ, ಆದರೆ ಅದಕ್ಕೆ ಕನಿಷ್ಠ 120 ಹರ್ಟ್ಸ್‌ನ ಪರದೆ ಬೇಕು, 240 ಇದ್ದರೆ ಇನ್ನೂ ಮೇಲು.

ಹೋಲಿಸಿ ನೋಡಲು ಅಸಲಿ ಟ್ಯೂಬುಗಳು ಈ ಕಡೆ ಬೇಗ ಬೇಗ ಇಲ್ಲವಾಗುತ್ತಿವೆ. ಮಳೆಗಾಲದ ತೇವ ಟ್ಯೂಬಿಗೆ ಸಾವಿರಾರು ವೋಲ್ಟ್ ಒದಗಿಸುವ ಇಎಚ್‌ಟಿ ಭಾಗವನ್ನು ಹೊಕ್ಕರೆ ಚಟಪಟ ಸದ್ದಿನೊಂದಿಗೆ ಸೆಟ್ಟೇ ಕೈಕೊಡುತ್ತದೆ. ರಿಪೇರಿ ಬಲ್ಲವರೂ ಬಿಡಿಭಾಗಗಳೂ ವಿರಳ. ವೈರು ಕಿತ್ತ ಮೇಲೂ ಟ್ಯೂಬಿನಲ್ಲಿ ವಿದ್ಯುತ್ ಉಳಿದಿರುವುದರಿಂದ ಬಲ್ಲವರಲ್ಲದೆ ಬೇರೆಯವರು ಹಿಂಬದಿ ಬಿಚ್ಚಬಾರದು. ಮನೆಯಲ್ಲಿ ಇನ್ನೂ ಓಡುವ ಸೆಟ್ಟಿದ್ದರೆ ಅದರ ಪರದೆಯನ್ನು ಹತ್ತಿರದಿಂದ ಫೋಟೋ ತೆಗೆದಿಟ್ಟುಕೊಳ್ಳಬಹುದು. ಫೋನಿನ ಪ್ರೊ ಮೋಡಿನಲ್ಲಿ ಶಟರನ್ನು ಸೆಕೆಂಡಿನ ಇಪ್ಪತ್ತೈದರಲ್ಲೊಂದು ಭಾಗಕ್ಕೆ ಇಟ್ಟರೆ ಪಾಲ್‌ನ ಎರಡು ಕಂತುಗಳು ಪೂರ್ತಿ ದಾಖಲಾಗುತ್ತವೆ. ಅದಕ್ಕಿಂತ ಚುರುಕಾದರೆ ಅರ್ಧ ಪರದೆ ಕಪ್ಪಾಗಿ ಬರಬಹುದು. ಬಿಳಿ ಅಕ್ಷರವೊಂದನ್ನೂ ಕಡುನೀಲಿ ಹಿನ್ನೆಲೆಯೊಂದನ್ನೂ ಹೀಗೆ ತೆಗೆದಿಟ್ಟುಕೊಂಡರೆ ಗೆರೆಯ ದಪ್ಪ ಮತ್ತು ಮಾಸ್ಕಿನ ಬಗೆ ಎರಡನ್ನೂ ಊಹೆಯಿಲ್ಲದೆ ಹೊಂದಿಸಬಹುದು.